ಹಾಡು ಬರೆದವರು ಯಾರು, ಹೆಸರು ಬಂದದ್ದು ಯಾರದು? ಆರಂಭಕಾಲದ ಪಾಪ್ ಸಂಗೀತ: ಪದೇ ಪದೇ ಕೇಳುವ ಪ್ರಶ್ನೆಗಳು

ಹಳೆಯ ರಾಕ್ ಅಂಡ್ ರೋಲ್, ಬ್ಲೂಸ್, ಕಂಟ್ರಿ ಹಾಡುಗಳನ್ನು ಪ್ರೀತಿಯಿಂದ ಕೇಳುವವರು ಒಂದಲ್ಲ ಒಂದು ದಿನ ಕೇಳಿಯೇ ಕೇಳುವ ಪ್ರಶ್ನೆಗಳನ್ನು ಇಲ್ಲಿ ಒಟ್ಟು ಮಾಡಿದ್ದೇನೆ. ಹೆಚ್ಚಿನವು 1950ರ ದಶಕದ ಅಮೆರಿಕಕ್ಕೆ ಸೇರಿದವು. ಕೆಲವು ಅದಕ್ಕಿಂತ ಹಿಂದಿನವು, ಕೆಲವು ಮುಂದಿನವು. ನನ್ನ ನಿಲುವನ್ನು ಮೊದಲೇ ಹೇಳಿಬಿಡುತ್ತೇನೆ. ಆ ಕಾಲದ ಅನ್ಯಾಯದಲ್ಲಿ ಬಹುಪಾಲು ರಾಗ ಕದ್ದು ನಡೆದದ್ದಲ್ಲ, ಕಾಗದಕ್ಕೆ ಸಹಿ ಹಾಕಿಸಿಕೊಂಡು ನಡೆದದ್ದು. ಹಾಗಾಗಿ “ಅವರೇ ಸಹಿ ಹಾಕಿದ್ದರಲ್ಲ” ಎಂಬ ಸಮಾಧಾನವನ್ನು ನಾನು ಒಪ್ಪುವುದಿಲ್ಲ. ಸಹಿ ಹಾಕಿದವರ ವಯಸ್ಸೆಷ್ಟು, ಆ ದಿನ ಅವರ ಜೇಬಿನಲ್ಲಿ ಏನಿತ್ತು, ಆ ಕಾಗದವನ್ನು ಅವರಿಗೆ ಓದಿ ಹೇಳಿದವರು ಯಾರಾದರೂ ಇದ್ದರೇ ಎಂಬುದನ್ನೂ ಕೇಳಬೇಕು.

ಗ್ರಾಮಫೋನ್ ತಟ್ಟೆಯ ನಡುವಿನ ಚೀಟಿಯಲ್ಲಿ ಸಣ್ಣಕ್ಷರದಲ್ಲಿರುವ ಹೆಸರಿಗೆ ಅಷ್ಟೇಕೆ ಮಹತ್ವ?

ಹಣ ಆ ಹೆಸರನ್ನು ಹಿಂಬಾಲಿಸುತ್ತಿತ್ತು, ಅದಕ್ಕೆ. ಗಾಯಕರ ಹೆಸರು ದಪ್ಪಕ್ಷರದಲ್ಲಿ ಇರುತ್ತಿತ್ತು. ಹಾಡಿನ ಶೀರ್ಷಿಕೆಯ ಕೆಳಗೆ, ಕಂಸದೊಳಗೆ, ಬರೆದವರ ಹೆಸರು. ಗಾಯಕರಿಗೆ ಸಿಗುತ್ತಿದ್ದದ್ದು ಕಂಪನಿ ಒಪ್ಪಂದದಲ್ಲಿ ಬರೆದುಕೊಟ್ಟಷ್ಟು ಮಾತ್ರ. ಅದರಲ್ಲೂ ಸ್ಟುಡಿಯೊ ಖರ್ಚು, ಮುಂಗಡ ಎಂದೆಲ್ಲ ಕಳೆದ ಮೇಲೆ ಉಳಿದದ್ದು. ಬರೆದವರ ಪಾಲು ಹಾಗಲ್ಲ, ಅದಕ್ಕೆ ಕಾನೂನಿನ ಆಸರೆ ಇತ್ತು. ಅಮೆರಿಕದ 1909ರ ಕೃತಿಸ್ವಾಮ್ಯ ಕಾಯಿದೆ ಮಾರಾಟವಾದ ಪ್ರತಿ ಧ್ವನಿಮುದ್ರಿಕೆಗೆ, ಒಂದು ಹಾಡಿಗೆ 2 ಸೆಂಟ್ ಎಂದು ದರ ಗೊತ್ತುಮಾಡಿತ್ತು. ಆ ದರ 1978ರವರೆಗೆ ಏರಲೇ ಇಲ್ಲ. ರೂಢಿಯಂತೆ ಅರ್ಧ ಪ್ರಕಾಶಕರಿಗೆ, ಅರ್ಧ ಬರೆದವರಿಗೆ.

ಲೆಕ್ಕ ಹಾಕಿ ನೋಡಿ. ಒಂದು ಹಾಡು 10 ಲಕ್ಷ ಪ್ರತಿ ಮಾರಾಟವಾದರೆ ಪೂರ್ಣ ದರದಲ್ಲಿ 20,000 ಡಾಲರ್, ಬರೆದವರಿಗೆ 10,000. ಆ ಹೆಸರಿನ ಪಕ್ಕ ಇನ್ನಿಬ್ಬರ ಹೆಸರು ಸೇರಿಕೊಂಡರೆ ನಿಜವಾಗಿ ಬರೆದವರ ಕೈಗೆ 3,333 ಡಾಲರ್. ಇದರ ಮೇಲೆ ರೇಡಿಯೊ ಪ್ರಸಾರದ ಹಣ ಬೇರೆ. ಅಮೆರಿಕದಲ್ಲಿ ರೇಡಿಯೊ ಹಣ ಸಲ್ಲುತ್ತಿದ್ದದ್ದು ಬರೆದವರಿಗೂ ಪ್ರಕಾಶಕರಿಗೂ ಮಾತ್ರ. ಹಾಡಿದವರಿಗೆ ಮಾಮೂಲಿ ರೇಡಿಯೊ ಕೇಂದ್ರಗಳು ಅಂದು ಕೊಡುತ್ತಿರಲಿಲ್ಲ, ಇಂದೂ ಕೊಡುವುದಿಲ್ಲ. ಕಪ್ಪು ಜನರ ಸಂಗೀತ ಹೆಚ್ಚಾಗಿ ಕೇಳಿಬರುತ್ತಿದ್ದ ಹೋಟೆಲು, ಮದ್ಯದಂಗಡಿಗಳಲ್ಲಿದ್ದ, ನಾಣ್ಯ ಹಾಕಿದರೆ ಹಾಡು ಕೇಳಿಸುವ ಜ್ಯೂಕ್‌ಬಾಕ್ಸ್ ಯಂತ್ರಗಳಿಗೆ ಅದೇ 1909ರ ಕಾಯಿದೆ ವಿನಾಯಿತಿ ಕೊಟ್ಟಿತ್ತು. ಯಂತ್ರದೊಳಗೆ ನಾಣ್ಯ ಬೀಳುತ್ತಲೇ ಇತ್ತು, ಬರೆದವರಿಗೆ ಅದರಲ್ಲಿ ಒಂದು ಪೈಸೆಯೂ ಇಲ್ಲ.

ನಮ್ಮ ವಚನಕಾರರು, ಹರಿದಾಸರು ಅಂಕಿತವನ್ನು ಹಾಡಿನ ಮೈಯೊಳಗೇ ನೇಯ್ದರು. ಅದನ್ನು ಕಿತ್ತರೆ ಸಾಲೇ ಮುರಿಯುತ್ತದೆ. ತಟ್ಟೆಯ ಮೇಲಿನ ಹೆಸರಿಗೆ ಅಂಥ ರಕ್ಷಣೆ ಇರಲಿಲ್ಲ. ಅಚ್ಚುಮನೆಗೆ ಹೋಗುವ ಮುನ್ನ ಕಂಪನಿಯ ಮಾಲೀಕ ಏನು ಬರೆದುಕೊಟ್ಟರೆ ಅದೇ.

ಪ್ರಕಾಶಕರು ಎಂದರೆ ಹಾಡನ್ನು ಅಚ್ಚು ಹಾಕುವವರೇ?

ಒಂದು ಕಾಲದಲ್ಲಿ ಹೌದು. ಮನೆಯಲ್ಲಿ ಪಿಯಾನೊ ನುಡಿಸುವವರಿಗಾಗಿ ಸ್ವರಲಿಪಿ ಮಾರುತ್ತಿದ್ದರು. ಧ್ವನಿಮುದ್ರಿಕೆ ಬಂದ ಮೇಲೆ ಅವರ ಕೆಲಸ ಹಕ್ಕು ಹಿಡಿದುಕೊಳ್ಳುವುದು, ಹಣ ವಸೂಲಿ ಮಾಡುವುದು. 1950ರ ದಶಕದ ಸಣ್ಣ ರೆಕಾರ್ಡ್ ಕಂಪನಿಗಳ ಮಾಲೀಕರು ತಾವೇ ಒಂದು ಪ್ರಕಾಶನ ಸಂಸ್ಥೆಯನ್ನೂ ಪಕ್ಕದಲ್ಲಿ ತೆರೆದುಕೊಂಡರು. ಶಿಕಾಗೊದಲ್ಲಿ ಚೆಸ್ ರೆಕಾರ್ಡ್ ಕಂಪನಿ ನಡೆಸುತ್ತಿದ್ದ ಚೆಸ್ ಸಹೋದರರಿಗೆ ಆರ್ಕ್ ಮ್ಯೂಸಿಕ್ ಎಂಬ ಪ್ರಕಾಶನದಲ್ಲಿ ಪಾಲಿತ್ತು. ಲಾಸ್ ಏಂಜಲಿಸ್‌ನ ಸ್ಪೆಷಾಲ್ಟಿ ಕಂಪನಿಗೆ ವೆನಿಸ್ ಮ್ಯೂಸಿಕ್ ಇತ್ತು. ಹಾಡಲು ಬಂದ ಹುಡುಗ ಒಂದೇ ಮೇಜಿನ ಮುಂದೆ ಎರಡು ಕಾಗದಗಳಿಗೆ ಸಹಿ ಹಾಕುತ್ತಿದ್ದ: ಒಂದು ಧ್ವನಿಗೆ, ಇನ್ನೊಂದು ಹಾಡಿಗೆ. ಎರಡೂ ಹೋಗುತ್ತಿದ್ದದ್ದು ಒಂದೇ ಮನೆಗೆ.

ಕಪ್ಪು ರಾಕ್ ಅಂಡ್ ರೋಲ್ ಗಾಯಕ ಲಿಟಲ್ ರಿಚರ್ಡ್ ‘ಟುಟಿ ಫ್ರೂಟಿ’ಯ ಪ್ರಕಾಶನ ಹಕ್ಕನ್ನು 50 ಡಾಲರ್‌ಗೆ ಬಿಟ್ಟುಕೊಟ್ಟದ್ದಾಗಿಯೂ, ತಟ್ಟೆಯೊಂದಕ್ಕೆ ತಮಗೆ ಸಿಗುತ್ತಿದ್ದದ್ದು ಅರ್ಧ ಸೆಂಟ್ ಎಂದೂ ಮುಂದೆ ಹೇಳಿಕೊಂಡರು. 1955ರಲ್ಲಿ ಆ ಹಾಡು ಹಾಡುವವರೆಗೆ ಅವರಿಗೆ ದೊಡ್ಡ ಹೆಸರಿರಲಿಲ್ಲ. ಬಡತನದಲ್ಲಿದ್ದ ಯುವಕನೊಬ್ಬನ ಮುಂದೆ 50 ಡಾಲರ್ ಇಟ್ಟು, ಮುಂದಿನ ಐವತ್ತು ವರ್ಷದ ಗಳಿಕೆಯನ್ನು ಬರೆಸಿಕೊಳ್ಳುವುದನ್ನು ವ್ಯಾಪಾರ ಎನ್ನಲು ನನಗೆ ಮನಸ್ಸು ಬರುವುದಿಲ್ಲ.

ಒಂದು ಸಾಲೂ ಬರೆಯದವರ ಹೆಸರು ಹಾಡಿಗೆ ಹೇಗೆ ಅಂಟಿಕೊಳ್ಳುತ್ತಿತ್ತು?

ಕಪ್ಪು ಗಾಯಕ, ಗಿಟಾರ್ ವಾದಕ ಚಕ್ ಬೆರಿಯವರ ‘ಮೇಬಲೀನ್’ ಇದಕ್ಕೆ ಅತ್ಯಂತ ಸ್ಪಷ್ಟವಾದ ಸಾಕ್ಷಿ. 1955ರ ಮೇ ತಿಂಗಳಲ್ಲಿ ಸೇಂಟ್ ಲೂಯಿಸ್‌ನಿಂದ ಬಂದ ಬೆರಿ ಶಿಕಾಗೊದಲ್ಲಿ ಚೆಸ್ ಕಂಪನಿಗಾಗಿ ಅದನ್ನು ಹಾಡಿದರು. ‘ಐಡಾ ರೆಡ್’ ಎಂಬ ಹಳೆಯ ಹಳ್ಳಿ ಹಾಡಿನ ಧಾಟಿಯನ್ನು ಎತ್ತಿಕೊಂಡು, ಕಾರುಗಳ ಓಟ, ಕೈಕೊಟ್ಟ ಹುಡುಗಿಯ ಕಥೆಯನ್ನು ಅದರಲ್ಲಿ ಹೊಸದಾಗಿ ಕಟ್ಟಿದ್ದರು. ಹಾಡು ರಿದಮ್ ಅಂಡ್ ಬ್ಲೂಸ್ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೆ, ಪಾಪ್ ಪಟ್ಟಿಯಲ್ಲಿ 5ನೇ ಸ್ಥಾನಕ್ಕೆ ಏರಿತು. ತಟ್ಟೆ ಹೊರಬಂದ ಮೇಲೆ ಬೆರಿಗೆ ತಿಳಿಯಿತು, ಹಾಡಿನ ಕರ್ತೃಗಳು ಮೂವರು: ತಾವು, ಆಲನ್ ಫ್ರೀಡ್, ರಸ್ ಫ್ರಾಟೊ. ಫ್ರೀಡ್ ನ್ಯೂಯಾರ್ಕ್‌ನ ಹೆಸರಾಂತ ರೇಡಿಯೊ ನಿರೂಪಕ. ಫ್ರಾಟೊ ಚೆಸ್ ಸಹೋದರರ ವ್ಯವಹಾರದ ಒಡನಾಡಿ. ಇಬ್ಬರೂ ಹಾಡಿನ ಒಂದು ಪದಕ್ಕೂ ಕಾರಣರಲ್ಲ.

ಕಂಪನಿಯ ತರ್ಕ ಸರಳವಾಗಿತ್ತು. ಫ್ರೀಡ್‌ಗೆ ಹಾಡಿನಲ್ಲಿ ಪಾಲಿದ್ದರೆ ಅವರು ಅದನ್ನು ರೇಡಿಯೊದಲ್ಲಿ ಮತ್ತೆ ಮತ್ತೆ ಹಾಕುತ್ತಾರೆ. ಹಾಕಿದರು ಕೂಡ. ಆ ಪ್ರಚಾರ ಇಲ್ಲದಿದ್ದರೆ ಬೆರಿ ಅಷ್ಟು ಬೇಗ ದೇಶಕ್ಕೆಲ್ಲ ಪರಿಚಯವಾಗುತ್ತಿರಲಿಲ್ಲ ಎನ್ನುವವರಿದ್ದಾರೆ, ಅದರಲ್ಲಿ ಸತ್ಯವಿದೆ. ಆದರೆ ಪ್ರಚಾರದಿಂದ ಲಾಭ ಬಂದದ್ದು ತಟ್ಟೆ ಮಾರಿದ ಕಂಪನಿಗೂ ಹೌದು. ಅದರ ಬೆಲೆಯನ್ನು ಬರೆದವರ ಪಾಲಿನಿಂದಲೇ, ಅವರನ್ನು ಕೇಳದೆ ತೆತ್ತದ್ದು ಹೇಗೆ ನ್ಯಾಯ? ಬೆರಿಯ ಹೆಸರು ಒಂಟಿಯಾಗಿ ಆ ಹಾಡಿಗೆ ಮರಳಿದ್ದು 1986ರಲ್ಲಿ. ಅಷ್ಟರಲ್ಲಿ 31 ವರ್ಷ ಕಳೆದಿತ್ತು.

ಇದು ನೇರ ಲಂಚವಲ್ಲವೇ? ಯಾರಿಗೂ ಶಿಕ್ಷೆಯಾಗಲಿಲ್ಲವೇ?

ಪೆಯೋಲಾ ಎಂದು ಕುಖ್ಯಾತವಾದ ಈ ಪದ್ಧತಿಯ ಬಗ್ಗೆ ಅಮೆರಿಕದ ಸಂಸತ್ತು 1959–60ರಲ್ಲಿ ವಿಚಾರಣೆ ನಡೆಸಿತು, 1960ರಲ್ಲಿ ಕಾನೂನು ಬಿಗಿಯಾಯಿತು. ಫ್ರೀಡ್ 1962ರಲ್ಲಿ ವಾಣಿಜ್ಯ ಲಂಚದ ಆರೋಪಗಳಲ್ಲಿ ತಪ್ಪೊಪ್ಪಿಕೊಂಡು 300 ಡಾಲರ್ ದಂಡ ಕಟ್ಟಿದರು. ಅವರ ವೃತ್ತಿಜೀವನ ಅಲ್ಲಿಗೆ ಮುಗಿದಂತಾಯಿತು. ವಿಚಾರಣೆಯ ಗಮನವೆಲ್ಲ ಇದ್ದದ್ದು ಕೇಳುಗರಿಗೆ ಮೋಸವಾಯಿತೇ ಎಂಬುದರ ಮೇಲೆ. ಹಾಡು ಬರೆದವರಿಗೆ ಆದ ನಷ್ಟವನ್ನು ತುಂಬಿಕೊಡುವ ಮಾತು ಅಲ್ಲಿ ಬರಲಿಲ್ಲ.

ಎಲ್ವಿಸ್ ಪ್ರೆಸ್ಲಿ ಹಾಡು ಬರೆಯುತ್ತಿದ್ದರೇ? ಅವರ ಹೆಸರು ಕೆಲವು ಹಾಡುಗಳಿಗೆ ಇದೆಯಲ್ಲ?

ಎಲ್ವಿಸ್ ಗೀತರಚನೆಕಾರರಾಗಿರಲಿಲ್ಲ. ‘ಡೋಂಟ್ ಬಿ ಕ್ರೂಯಲ್’ ಬರೆದವರು ಬ್ರೂಕ್ಲಿನ್‌ನ ಓಟಿಸ್ ಬ್ಲ್ಯಾಕ್‌ವೆಲ್. ತಮ್ಮ ಹಾಡಿನ ಮಾದರಿ ಮುದ್ರಿಕೆಗಳಲ್ಲಿ ತಾವೇ ಹಾಡುತ್ತಿದ್ದರು. ಎಲ್ವಿಸ್ ಪರವಾಗಿ ಹಾಡು ಆರಿಸುತ್ತಿದ್ದ ಪ್ರಕಾಶನ ಸಂಸ್ಥೆ ಹಿಲ್ ಅಂಡ್ ರೇಂಜ್, ವ್ಯವಸ್ಥಾಪಕ ಕರ್ನಲ್ ಟಾಮ್ ಪಾರ್ಕರ್. ಇವರ ಷರತ್ತು ಏನೆಂದರೆ, ಎಲ್ವಿಸ್ ಹಾಡಬೇಕಾದರೆ ಪಾಲು ಬಿಟ್ಟುಕೊಡಬೇಕು. ಬ್ಲ್ಯಾಕ್‌ವೆಲ್ ಒಪ್ಪಿದರು, ಹಾಡಿನ ಕರ್ತೃಗಳು ‘ಬ್ಲ್ಯಾಕ್‌ವೆಲ್, ಪ್ರೆಸ್ಲಿ’ ಎಂದು ಅಚ್ಚಾಯಿತು. 1956ರಲ್ಲಿ ‘ಹೌಂಡ್ ಡಾಗ್’ ಜೊತೆ ಒಂದೇ ತಟ್ಟೆಯ ಎರಡು ಮಗ್ಗುಲಲ್ಲಿ ಬಂದ ಆ ಹಾಡು 11 ವಾರ ಮೊದಲ ಸ್ಥಾನದಲ್ಲಿತ್ತು. ಅರ್ಧ ಪಾಲಿನಲ್ಲೂ ಬ್ಲ್ಯಾಕ್‌ವೆಲ್ ಹಿಂದೆಂದೂ ಕಾಣದಷ್ಟು ಗಳಿಸಿದರು. ಹಾಗಾಗಿ ಇದು ಚಕ್ ಬೆರಿಯ ಪ್ರಕರಣದಂಥದ್ದಲ್ಲ. ಇಲ್ಲಿ ಬರೆದವರಿಗೆ ಗೊತ್ತಿತ್ತು, ಒಪ್ಪಿಗೆ ಇತ್ತು. ಪಾಲು ಕೊಡುವುದು ಒಂದು ಮಾತು, ಕರ್ತೃವಿನ ಹೆಸರನ್ನೇ ಕೊಡುವುದು ಇನ್ನೊಂದು. ಹಣ ಹಂಚಿಕೊಂಡರೂ ಇರಲಿ, ಬರೆಯದವರನ್ನು ಬರೆದವರೆಂದು ದಾಖಲಿಸುವುದು ಸುಳ್ಳು ದಾಖಲೆಯೇ.

ಇದೇ ಪಾರ್ಕರ್ 1970ರ ದಶಕದಲ್ಲಿ ಕಂಟ್ರಿ ಗಾಯಕಿ ಡಾಲಿ ಪಾರ್ಟನ್ ಅವರ ‘ಐ ವಿಲ್ ಆಲ್ವೇಸ್ ಲವ್ ಯು’ ಹಾಡಿನ ಪ್ರಕಾಶನದಲ್ಲಿ ಅರ್ಧ ಕೇಳಿದರು. ಡಾಲಿ ಒಪ್ಪಲಿಲ್ಲ, ಎಲ್ವಿಸ್ ಆ ಹಾಡನ್ನು ಹಾಡಲಿಲ್ಲ. 1992ರಲ್ಲಿ ವಿಟ್ನಿ ಹ್ಯೂಸ್ಟನ್ ಅದನ್ನು ಹಾಡಿದಾಗ ಹಕ್ಕು ಪೂರ್ತಿಯಾಗಿ ಡಾಲಿಯವರ ಕೈಯಲ್ಲಿತ್ತು. ಬೇಡ ಎನ್ನುವ ಧೈರ್ಯ ಅವರದು. ಆ ಹೊತ್ತಿಗೆ ಅವರು ಹೆಸರು ಮಾಡಿದ್ದರು, ಅವರದೇ ಪ್ರಕಾಶನ ಸಂಸ್ಥೆಯೂ ಇತ್ತು ಎಂಬುದನ್ನೂ ನೆನಪಿಡಬೇಕು. ಬಾಡಿಗೆ ಕಟ್ಟಲು ಪರದಾಡುತ್ತಿದ್ದವರಿಂದ ಅದೇ ಧೈರ್ಯವನ್ನು ನಿರೀಕ್ಷಿಸುವುದು ಸರಿಯಲ್ಲ.

‘ಹೌಂಡ್ ಡಾಗ್’ ಎಲ್ವಿಸ್ ಕದ್ದ ಹಾಡು ಎನ್ನುತ್ತಾರೆ. ನಿಜವೇ?

ಅಲ್ಲ. ಈ ಮಾತು ಎಷ್ಟು ಹರಡಿದೆಯೆಂದರೆ ಸ್ವಲ್ಪ ನಿಂತು ಹೇಳಬೇಕಾಗಿದೆ. ಆ ಹಾಡನ್ನು 1952ರಲ್ಲಿ ಬರೆದವರು ಲಾಸ್ ಏಂಜಲಿಸ್‌ನ ಇಬ್ಬರು ಯಹೂದಿ ಹುಡುಗರು, ಜೆರ್ರಿ ಲೀಬರ್ ಮತ್ತು ಮೈಕ್ ಸ್ಟಾಲರ್. ಇಬ್ಬರಿಗೂ ಆಗ 19ರ ಆಸುಪಾಸು. ಬರೆದದ್ದು ಕಪ್ಪು ಗಾಯಕಿ ಬಿಗ್ ಮಾಮಾ ಥಾರ್ನ್‌ಟನ್ ಅವರಿಗಾಗಿಯೇ. ಅವರ ದನಿಯಲ್ಲಿ ಅದು 1953ರಲ್ಲಿ ಹೊರಬಂದು ಭಾರಿ ಯಶಸ್ಸು ಕಂಡಿತು. ವಾದ್ಯತಂಡ ನಡೆಸುತ್ತಿದ್ದ ಜಾನಿ ಓಟಿಸ್ ಮೂರನೇ ಕರ್ತೃವಾಗಿ ತಮ್ಮ ಹೆಸರನ್ನೂ ಸೇರಿಸಿಕೊಂಡಿದ್ದರು. ಮುಂದೆ ನ್ಯಾಯಾಲಯದಲ್ಲಿ ಅದು ನಿಲ್ಲಲಿಲ್ಲ.

ಇಲ್ಲಿ ಅನ್ಯಾಯವಾದದ್ದು ಕರ್ತೃತ್ವದಲ್ಲಿ ಅಲ್ಲ, ಥಾರ್ನ್‌ಟನ್ ಅವರಿಗೆ ಸಿಕ್ಕ ಪ್ರತಿಫಲದಲ್ಲಿ. ಆ ಹಾಡಿಗೆ ಪ್ರಾಣ ಕೊಟ್ಟವರು ಅವರು. ತಮಗೆ ಬಂದದ್ದು 500 ಡಾಲರ್‌ನ ಒಂದೇ ಚೆಕ್ ಎಂದು ಅವರು ಹೇಳುತ್ತಿದ್ದರು. ಹಾಡಿದವರ ಹಕ್ಕನ್ನು ಕಾಯುವ ಕಾನೂನೇ ಆಗ ಇರಲಿಲ್ಲ. ಧ್ವನಿಮುದ್ರಣಕ್ಕೆ ಅಮೆರಿಕದ ಒಕ್ಕೂಟ ಕಾನೂನಿನಲ್ಲಿ ಕೃತಿಸ್ವಾಮ್ಯ ಸಿಕ್ಕಿದ್ದು 1972ರ ಫೆಬ್ರವರಿ 15ರ ನಂತರದ ಮುದ್ರಣಗಳಿಗೆ ಮಾತ್ರ. ಎಲ್ವಿಸ್ ಅವರನ್ನು ಬೈದು ಸುಮ್ಮನಾದರೆ ಈ ದೊಡ್ಡ ಕೊರತೆ ಕಣ್ಣಿಗೆ ಬೀಳುವುದೇ ಇಲ್ಲ.

ಒಬ್ಬರು ಹಾಡಿದ್ದನ್ನು ಇನ್ನೊಬ್ಬರು ಹಾಗೆಯೇ ಹಾಡಿ ಮಾರುವುದು ಕಾನೂನುಬದ್ಧವೇ?

ಒಮ್ಮೆ ಹಾಡು ಮುದ್ರಣವಾಗಿ ಹೊರಬಂತೆಂದರೆ, ನಿಗದಿತ 2 ಸೆಂಟ್ ಕೊಟ್ಟು ಯಾರು ಬೇಕಾದರೂ ಅದನ್ನು ಹಾಡಿ ಮುದ್ರಿಸಬಹುದಿತ್ತು. ಬರೆದವರು ತಡೆಯುವಂತಿಲ್ಲ. ಹಾಡಿದವರಿಗಂತೂ ಕೇಳುವ ಹಕ್ಕೇ ಇಲ್ಲ. ಹಾಗಾಗಿ ‘ಟುಟಿ ಫ್ರೂಟಿ’ಯನ್ನು ಬಿಳಿಯ ಗಾಯಕ ಪ್ಯಾಟ್ ಬೂನ್ ಹಾಡಿದರು, ಅದು ಪಾಪ್ ಪಟ್ಟಿಯಲ್ಲಿ ಲಿಟಲ್ ರಿಚರ್ಡ್ ಅವರ ಮೂಲಕ್ಕಿಂತ ಮೇಲೇರಿತು. ಬಿಳಿಯರ ರೇಡಿಯೊ ಕೇಂದ್ರಗಳು ಕಪ್ಪು ಗಾಯಕರನ್ನು ದೂರವಿಟ್ಟಿದ್ದ ಕಾಲ ಅದು.

ಕಪ್ಪು ಗಾಯಕಿ ಲವರ್ನ್ ಬೇಕರ್ ಅವರ ಸಂಕಟ ಇನ್ನೂ ಹರಿತವಾದದ್ದು. ಅವರ ‘ಟ್ವೀಡಲ್ ಡೀ’ ಹಾಡನ್ನು ಬಿಳಿಯ ಗಾಯಕಿ ಜಾರ್ಜಿಯಾ ಗಿಬ್ಸ್ ವಾದ್ಯ ಸಂಯೋಜನೆಯ ಸಮೇತ ಅನುಕರಿಸಿ ದೊಡ್ಡ ಯಶಸ್ಸು ಪಡೆದರು. ಬೇಕರ್ 1955ರಲ್ಲಿ ಸಂಸದ ಚಾರ್ಲ್ಸ್ ಡಿಗ್ಸ್ ಅವರಿಗೆ ಪತ್ರ ಬರೆದು ಕಾನೂನು ತಿದ್ದುವಂತೆ ಕೇಳಿದರು. ಫಲ ಸಿಗಲಿಲ್ಲ. ಐದು ವರ್ಷ ಹಿಂದೆ, 1950ರಲ್ಲಿ, ಸುಪ್ರೀಮ್ ರೆಕಾರ್ಡ್ಸ್ ಎಂಬ ಸಣ್ಣ ಕಂಪನಿ ಡೆಕ್ಕಾ ವಿರುದ್ಧ ಹೂಡಿದ್ದ ಮೊಕದ್ದಮೆಯಲ್ಲಿ, ಹಾಡಿನ ವಾದ್ಯ ಸಂಯೋಜನೆಯನ್ನು ಅನುಕರಿಸಿದರೆ ತಪ್ಪಿಲ್ಲ ಎಂಬ ಅರ್ಥದ ತೀರ್ಪು ಬಂದಾಗಿತ್ತು.

ಮರುಹಾಡುವಿಕೆಯನ್ನೇ ನಿಷೇಧಿಸಬೇಕಿತ್ತು ಎಂದು ನಾನು ಹೇಳುತ್ತಿಲ್ಲ. ಹಾಡುಗಳು ಬಾಯಿಂದ ಬಾಯಿಗೆ ಹೋಗಬೇಕು. ಹಾಡಿನ ಹೊಸ ರೂಪವನ್ನು ಕಂಡುಹಿಡಿದವರಿಗೂ ಒಂದು ಪಾಲು ಇರಬೇಕಿತ್ತು ಎಂಬುದಷ್ಟೇ ನನ್ನ ಮಾತು.

ಫ್ರಾಂಕಿ ಲೈಮನ್ ಹಾಡಿನ ಮೊಕದ್ದಮೆ ಏನಾಯಿತು?

‘ವೈ ಡೂ ಫೂಲ್ಸ್ ಫಾಲ್ ಇನ್ ಲವ್’ 1956ರ ಆರಂಭದಲ್ಲಿ ಬಂತು. ನ್ಯೂಯಾರ್ಕ್‌ನ ಐವರು ಶಾಲಾ ಹುಡುಗರ ತಂಡ ‘ಟೀನೇಜರ್ಸ್’. ಮುಖ್ಯ ದನಿ ಫ್ರಾಂಕಿ ಲೈಮನ್‌ಗೆ 13 ವರ್ಷ. ತಂಡದ ಹರ್ಮನ್ ಸಾಂಟಿಯಾಗೊ ಮತ್ತು ಜಿಮ್ಮಿ ಮರ್ಚಂಟ್ ಹಾಡು ಕಟ್ಟಿದವರು ತಾವು ಎಂದರು. ಆದರೆ ಕೃತಿಸ್ವಾಮ್ಯ ನೋಂದಣಿಯಲ್ಲಿ ಬಂದದ್ದು ಲೈಮನ್ ಹೆಸರು ಮತ್ತು ಧ್ವನಿಮುದ್ರಣ ಮಾಡಿಸಿದ ಜಾರ್ಜ್ ಗೋಲ್ಡ್ನರ್ ಹೆಸರು. ಗೋಲ್ಡ್ನರ್ ತಮ್ಮ ಕಂಪನಿಗಳನ್ನು ರೂಲೆಟ್ ರೆಕಾರ್ಡ್ಸ್‌ನ ಮಾರಿಸ್ ಲೆವಿಗೆ ಮಾರಿದ ಮೇಲೆ, 1960ರ ದಶಕದ ನಡುವೆ, ಗೋಲ್ಡ್ನರ್ ಹೆಸರಿದ್ದ ಜಾಗಕ್ಕೆ ಲೆವಿಯ ಹೆಸರು ಬಂತು. ಹಾಡು ಬರೆದು ಎಂಟೊಂಬತ್ತು ವರ್ಷದ ನಂತರ ಅದಕ್ಕೆ ಹೊಸ ಕರ್ತೃ ಹುಟ್ಟಿಕೊಂಡ!

ಲೈಮನ್ 1968ರಲ್ಲಿ, 25ರ ಹರೆಯದಲ್ಲಿ, ಹೆರಾಯಿನ್‌ಗೆ ಬಲಿಯಾದರು. 1981ರಲ್ಲಿ ಡಯಾನಾ ರಾಸ್ ಹಾಡನ್ನು ಮತ್ತೆ ಹಾಡಿ ಜನಪ್ರಿಯಗೊಳಿಸಿದಾಗ ಹಣ ಹರಿಯತೊಡಗಿತು. ಲೈಮನ್‌ರ ಪತ್ನಿ ತಾನೇ ಎಂದು ಮೂವರು ಹೆಂಗಸರು ನ್ಯಾಯಾಲಯದ ಮೆಟ್ಟಿಲು ಹತ್ತಿದರು. ಇತ್ತ ಸಾಂಟಿಯಾಗೊ ಮತ್ತು ಮರ್ಚಂಟ್ ಕೂಡ ದಾವೆ ಹೂಡಿದರು. 1992ರಲ್ಲಿ ನ್ಯೂಯಾರ್ಕ್‌ನ ತೀರ್ಪುಗಾರರ ಮಂಡಳಿ ಇಬ್ಬರನ್ನೂ ಹಾಡಿನ ಕರ್ತೃಗಳೆಂದು ಒಪ್ಪಿತು.

ಅದರೊಂದಿಗೆ ಕಥೆ ಮುಗಿಯಬೇಕಿತ್ತು. 1996ರಲ್ಲಿ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ರದ್ದು ಮಾಡಿತು. ಕಾರಣ ಏನು? ಅವರು ಬರೆಯಲಿಲ್ಲ ಎಂದಲ್ಲ. ಸಹಕರ್ತೃತ್ವ ಕೇಳುವವರು ತಮಗೆ ವಿಷಯ ತಿಳಿದ ಮೂರು ವರ್ಷದೊಳಗೆ ದಾವೆ ಹೂಡಬೇಕಿತ್ತು, ತಡವಾಯಿತು ಎಂದು. ಆಗ ತಾವು ಕೇಳಲು ಹೋದರೆ ಲೆವಿ ಬೆದರಿಸಿದ್ದರು ಎಂದು ಅವರು ವಾದಿಸಿದ್ದರು. ಲೆವಿಯ ಸಂಗ ಎಂಥದ್ದಾಗಿತ್ತು ಎಂಬುದಕ್ಕೆ 1988ರಲ್ಲಿ ಸುಲಿಗೆ ಸಂಚಿನ ಪ್ರಕರಣದಲ್ಲಿ ಅವರು ಅಪರಾಧಿ ಎಂದು ಸಾಬೀತಾದದ್ದೇ ಸಾಕು. ಹದಿಹರೆಯದ ಹುಡುಗರು ಅಂಥವರ ಮೇಲೆ ಮೂರು ವರ್ಷದೊಳಗೆ ವಕೀಲರನ್ನು ಹಿಡಿದು ದಾವೆ ಹೂಡಬೇಕಿತ್ತಂತೆ. ಬರೆದವರು ಯಾರೆಂದು ತೀರ್ಪುಗಾರರು ಹೇಳಿದ ಮೇಲೂ ಹಾಡು ಅವರಿಗೆ ಸಿಗಲಿಲ್ಲ. ಈ ಪುಟದ ಎಲ್ಲ ಪ್ರಕರಣಗಳಲ್ಲಿ ನನ್ನನ್ನು ಹೆಚ್ಚು ಕಾಡುವುದು ಇದು.

ಬೇರೆ ದೇಶಗಳಲ್ಲೂ ಕಾಲಮಿತಿ ಹೀಗೆಯೇ ಇದೆಯೇ?

ಬ್ರಿಟನ್ನಿನಲ್ಲಿ ನೇರ ವಿರುದ್ಧವಾದ ಫಲ ಬಂತು. ಪ್ರೊಕೊಲ್ ಹಾರಮ್ ತಂಡದ 1967ರ ‘ಎ ವೈಟರ್ ಶೇಡ್ ಆಫ್ ಪೇಲ್’ ಹಾಡಿನ ಆರಂಭದ ಆರ್ಗನ್ ನುಡಿ ಕೇಳಿದವರು ಮರೆಯಲಾರರು. ಅದನ್ನು ರೂಪಿಸಿ ನುಡಿಸಿದವರು ಮ್ಯಾಥ್ಯೂ ಫಿಶರ್, ಹಾಡಿಗೆ ಹೆಸರು ಇದ್ದದ್ದು ಗ್ಯಾರಿ ಬ್ರೂಕರ್ ಮತ್ತು ಕೀತ್ ರೀಡ್ ಅವರದು. ಫಿಶರ್ ದಾವೆ ಹೂಡಿದ್ದು 2005ರಲ್ಲಿ, 38 ವರ್ಷದ ನಂತರ. 2006ರಲ್ಲಿ ಹೈಕೋರ್ಟ್ ಸಂಗೀತದಲ್ಲಿ ಅವರಿಗೆ ಶೇ 40ರ ಪಾಲು ಕೊಟ್ಟಿತು. 2008ರಲ್ಲಿ ಮೇಲ್ಮನವಿ ನ್ಯಾಯಾಲಯ ಹೆಸರು ಉಳಿಸಿ ಹಣ ತೆಗೆಯಿತು. 2009ರಲ್ಲಿ ಆಗಿನ ಅಂತಿಮ ನ್ಯಾಯಪೀಠವಾಗಿದ್ದ ಹೌಸ್ ಆಫ್ ಲಾರ್ಡ್ಸ್ ಹಣವನ್ನೂ ಮರಳಿಸಿತು. ತಡವಾದ ಮಾತ್ರಕ್ಕೆ ಹಕ್ಕು ಅಳಿಯುವುದಿಲ್ಲ ಎಂಬುದು ತೀರ್ಪಿನ ತಿರುಳು. ಕಳೆದ ವರ್ಷಗಳ ಹಣ ಸಿಗದು, ದಾವೆ ಹೂಡಿದಂದಿನಿಂದ ಮುಂದಿನದು ಸಿಗುತ್ತದೆ. ಇಷ್ಟು ಸಮಂಜಸವಾದ ಮಧ್ಯದ ದಾರಿ ಸಾಂಟಿಯಾಗೊ, ಮರ್ಚಂಟ್ ಅವರಿಗೂ ಸಿಗಬಹುದಿತ್ತು.

‘ದ ಲಯನ್ ಸ್ಲೀಪ್ಸ್ ಟುನೈಟ್’ ಆಫ್ರಿಕಾದ ಹಾಡು ಎನ್ನುತ್ತಾರೆ. ಬರೆದವರಿಗೆ ಏನು ಸಿಕ್ಕಿತು?

ಬರೆದವರ ಹೆಸರು ಸಾಲೊಮನ್ ಲಿಂಡಾ. ದಕ್ಷಿಣ ಆಫ್ರಿಕಾದ ನಟಾಲ್ ಪ್ರಾಂತ್ಯದ ಮಸಿಂಗಾ ಸೀಮೆಯ ಜುಲು ಕುಟುಂಬದವರು, ಕೆಲಸ ಹುಡುಕಿ ಜೊಹಾನ್ಸ್‌ಬರ್ಗ್‌ಗೆ ಬಂದವರು. 1939ರಲ್ಲಿ ಗ್ಯಾಲೊ ಕಂಪನಿಯ ಸ್ಟುಡಿಯೊದಲ್ಲಿ ತಮ್ಮ ‘ಈವನಿಂಗ್ ಬರ್ಡ್ಸ್’ ತಂಡದೊಂದಿಗೆ ‘ಎಂಬೂಬೆ’ ಹಾಡಿದರು. ಸಿಂಹದ ಕುರಿತ ಹಾಡು. ಕೊನೆಗೆ ಬರುವ, ಇಂದು ಜಗತ್ತೆಲ್ಲ ಗುನುಗುವ ಆ ಎತ್ತರದ ರಾಗವನ್ನು ಅವರು ಮೈಕಿನ ಮುಂದೆ ಆಶುವಾಗಿ ಹಾಡಿದ್ದು. ಹಾಡಿನ ಹಕ್ಕು ಬಿಟ್ಟುಕೊಟ್ಟದ್ದಕ್ಕೆ ಅವರಿಗೆ ಸಿಕ್ಕದ್ದು 10 ಶಿಲ್ಲಿಂಗ್, ಜೊತೆಗೆ ಗ್ಯಾಲೊ ಕಂಪನಿಯಲ್ಲಿ ತಟ್ಟೆಗಳನ್ನು ಕಟ್ಟಿಡುವ ಕೆಲಸ.

ಆ ತಟ್ಟೆ, ಜನಪದ ಹಾಡುಗಳ ಸಂಗ್ರಾಹಕ ಆಲನ್ ಲೋಮ್ಯಾಕ್ಸ್ ಮೂಲಕ ಅಮೆರಿಕದ ಜನಪದ ಗಾಯಕ ಪೀಟ್ ಸೀಗರ್ ಕೈಸೇರಿತು. ಸೀಗರ್ ಅವರ ‘ವೀವರ್ಸ್’ ತಂಡ 1950ರ ದಶಕದ ಆರಂಭದಲ್ಲಿ ‘ವಿಮೊವೆ’ ಎಂದು ಹಾಡಿತು. ಕರ್ತೃವಿನ ಜಾಗದಲ್ಲಿ ‘ಪಾಲ್ ಕ್ಯಾಂಪ್‌ಬೆಲ್’ ಎಂಬ ಹೆಸರು. ಅಂಥ ವ್ಯಕ್ತಿಯೇ ಇರಲಿಲ್ಲ. ಅದು ತಂಡವೂ ಅದರ ಪ್ರಕಾಶಕರೂ ಬಳಸುತ್ತಿದ್ದ ಕಾವ್ಯನಾಮ. ಸೀಗರ್ ಪ್ರಾಮಾಣಿಕರು. ಲಿಂಡಾ ಅವರಿಗೆ 1,000 ಡಾಲರ್ ಕಳಿಸಿದ್ದಾಗಿಯೂ, ರಾಯಧನ ಅವರಿಗೇ ಹೋಗಲಿ ಎಂದು ಪ್ರಕಾಶಕರಿಗೆ ತಿಳಿಸಿದ್ದಾಗಿಯೂ ಹೇಳಿದರು. ಆದರೆ ವ್ಯವಸ್ಥೆ ಒಬ್ಬರ ಒಳ್ಳೆಯತನದಿಂದ ನಡೆಯುವುದಿಲ್ಲ. 1961ರಲ್ಲಿ ‘ಟೋಕನ್ಸ್’ ತಂಡ ಹೊಸ ಇಂಗ್ಲಿಷ್ ಸಾಹಿತ್ಯದೊಂದಿಗೆ ಹಾಡಿ ಮೊದಲ ಸ್ಥಾನಕ್ಕೇರಿಸಿದಾಗ ಕರ್ತೃಗಳಾಗಿ ಬಂದವರು ಜಾರ್ಜ್ ವೈಸ್, ಹ್ಯೂಗೊ ಪೆರೆಟ್ಟಿ, ಲುಯಿಜಿ ಕ್ರಿಯಾಟೊರೆ. ಲಿಂಡಾ ಹೆಸರು ಎಲ್ಲೂ ಇಲ್ಲ. 1962ರಲ್ಲಿ ಅವರು ತೀರಿಕೊಂಡಾಗ ಸಮಾಧಿಗೆ ಒಂದು ಕಲ್ಲು ಹಾಕಿಸುವ ಶಕ್ತಿಯೂ ಮನೆಯವರಿಗೆ ಇರಲಿಲ್ಲ.

2000ದಲ್ಲಿ ದಕ್ಷಿಣ ಆಫ್ರಿಕಾದ ಪತ್ರಕರ್ತ ರಿಯಾನ್ ಮಾಲನ್ ಈ ಇಡೀ ಜಾಡನ್ನು ‘ರೋಲಿಂಗ್ ಸ್ಟೋನ್’ ಪತ್ರಿಕೆಯಲ್ಲಿ ಬರೆದರು. ಡಿಸ್ನಿ 1994ರ ‘ಲಯನ್ ಕಿಂಗ್’ ಚಿತ್ರದಲ್ಲಿ ಹಾಡನ್ನು ಬಳಸಿತ್ತು. ಲಿಂಡಾ ಕುಟುಂಬದ ಪರ ವಕೀಲ ಓವನ್ ಡೀನ್ ಒಂದು ಹಳೆಯ ಕಾನೂನನ್ನು ಹುಡುಕಿ ತೆಗೆದರು: ಬ್ರಿಟಿಷ್ ಸಾಮ್ರಾಜ್ಯದ 1911ರ ಕೃತಿಸ್ವಾಮ್ಯ ಕಾಯಿದೆ. ಅದರ ಪ್ರಕಾರ, ಕರ್ತೃ ತಾನು ಬದುಕಿದ್ದಾಗ ಹಕ್ಕನ್ನು ಮಾರಿದ್ದರೂ, ಸತ್ತ 25 ವರ್ಷದ ಮೇಲೆ ಅದು ವಾರಸುದಾರರಿಗೆ ಮರಳುತ್ತದೆ. ಅಂದರೆ 1987ರಲ್ಲಿ ಹಾಡು ಲಿಂಡಾ ಅವರ ಮಕ್ಕಳಿಗೆ ಬಂದಿತ್ತು, ಅವರಿಗೆ ತಿಳಿದಿರಲಿಲ್ಲ. 2004ರಲ್ಲಿ ಡಿಸ್ನಿ ವಿರುದ್ಧ ದಾವೆ ಹೂಡಿ, ದಕ್ಷಿಣ ಆಫ್ರಿಕಾದಲ್ಲಿ ನೋಂದಣಿಯಾಗಿದ್ದ ಆ ಕಂಪನಿಯ ಟ್ರೇಡ್‌ಮಾರ್ಕ್‌ಗಳನ್ನು ನ್ಯಾಯಾಲಯದಿಂದ ಜಪ್ತಿ ಮಾಡಿಸಿದರು. 2006ರಲ್ಲಿ ರಾಜಿಯಾಯಿತು. ಲಿಂಡಾ ಸಹಕರ್ತೃ ಎಂದು ದಾಖಲಾಯಿತು, ಹಳೆಯ ಬಾಕಿಗೂ ಮುಂದಿನ ರಾಯಧನಕ್ಕೂ ವ್ಯವಸ್ಥೆಯಾಯಿತು. ವಸಾಹತು ಕಾಲದ ಒಂದು ಕಾನೂನು ವಸಾಹತಿನ ಬಡ ಗಾಯಕನ ಮಕ್ಕಳಿಗೆ ಒದಗಿ ಬಂದದ್ದು ನನಗೆ ಇವತ್ತಿಗೂ ಸಂತೋಷ ಕೊಡುವ ಸಂಗತಿ.

ಜನಪದ ಹಾಡಿಗೆ ಹೆಸರು ಹಾಕಿಕೊಂಡವರೂ ಇದ್ದಾರಲ್ಲವೇ?

ಬೇಕಾದಷ್ಟು. 1927ರಲ್ಲಿ ಟೆನೆಸ್ಸಿಯ ಬ್ರಿಸ್ಟಲ್‌ನಲ್ಲಿ ರಾಲ್ಫ್ ಪಿಯರ್ ಧ್ವನಿಮುದ್ರಿಸಿದ ಕಾರ್ಟರ್ ಕುಟುಂಬ ಎಂಬ ಗಾಯಕರ ತಂಡ ಇದಕ್ಕೆ ನಿದರ್ಶನ. ಪಿಯರ್ ಗಳಿಸುತ್ತಿದ್ದದ್ದು ಪ್ರಕಾಶನ ಹಕ್ಕಿನಿಂದ. ಯಾರದೂ ಅಲ್ಲದ ಹಳೆಯ ಹಾಡಿನಿಂದ ಅವರಿಗೆ ಲಾಭವಿಲ್ಲ. ಆದ್ದರಿಂದ ಎ.ಪಿ. ಕಾರ್ಟರ್ ಬೆಟ್ಟದ ಹಳ್ಳಿಗಳಲ್ಲಿ ತಿರುಗಿ ಹಾಡು ಸಂಗ್ರಹಿಸಿ, ತಿದ್ದಿ, ತಮ್ಮ ಹೆಸರಿನಲ್ಲಿ ನೋಂದಾಯಿಸಿದರು. ಆ ತಿರುಗಾಟದಲ್ಲಿ ಜೊತೆಗಿದ್ದು ರಾಗಗಳನ್ನು ಮನಸ್ಸಿನಲ್ಲಿ ಹಿಡಿದಿಟ್ಟುಕೊಳ್ಳುತ್ತಿದ್ದವರು ಲೆಸ್ಲಿ ರಿಡಲ್ ಎಂಬ ಕಪ್ಪು ಗಿಟಾರ್ ವಾದಕ. ಅವರ ಹೆಸರು ತಟ್ಟೆಗಳ ಮೇಲೆ ಬರಲಿಲ್ಲ. ಸಂಗ್ರಹಿಸಿ ಉಳಿಸಿದ್ದಕ್ಕೆ ಕಾರ್ಟರ್ ಅವರಿಗೆ ನಾವು ಋಣಿಗಳು. ಸಂಗ್ರಾಹಕರೆಂದು ಬರೆದುಕೊಂಡಿದ್ದರೆ ಆ ಋಣಕ್ಕೆ ಕುಂದು ಬರುತ್ತಿರಲಿಲ್ಲ.

ವಾದ್ಯ ನುಡಿಸಿದವರಿಗೂ ಕರ್ತೃತ್ವ ಕೊಡಬೇಕೇ?

ಎಲ್ಲರಿಗೂ ಅಲ್ಲ. ಕಷ್ಟದ ಪ್ರಶ್ನೆ ಇದು. ಚಕ್ ಬೆರಿಯವರ ಜೊತೆ ಪಿಯಾನೊ ನುಡಿಸುತ್ತಿದ್ದ ಜಾನಿ ಜಾನ್ಸನ್ 2000ದಲ್ಲಿ ದಾವೆ ಹೂಡಿ, ಅನೇಕ ಹಾಡುಗಳ ಸಂಗೀತವನ್ನು ತಾವೂ ಸೇರಿ ಕಟ್ಟಿದ್ದು ಎಂದರು. 2002ರಲ್ಲಿ ಅದು ತಳ್ಳಿಹೋಯಿತು, ಮತ್ತೆ ಕಾಲಮಿತಿಯ ಕಾರಣಕ್ಕೆ. ತನ್ನ ಹಾಡನ್ನು ಕಳೆದುಕೊಂಡು ನೊಂದ ಬೆರಿಯೇ ಇನ್ನೊಬ್ಬರ ಪಾಲಿನ ಪ್ರಶ್ನೆಯಲ್ಲಿ ಎದುರಾಳಿಯಾಗಿ ನಿಂತರು. ನನ್ನ ಅಳತೆ ಇಷ್ಟು: ಆ ನುಡಿಯನ್ನು ತೆಗೆದರೆ ಕೇಳುಗರು ಹಾಡನ್ನು ಗುರುತಿಸಲಾರರು ಎಂದಾದರೆ, ನುಡಿಸಿದವರು ಕರ್ತೃವೇ. ಫಿಶರ್ ಅವರ ಆರ್ಗನ್ ಆ ಅಳತೆಗೆ ಸಲ್ಲುತ್ತದೆ.

ಗೊತ್ತಿಲ್ಲದೆ ರಾಗ ಹೋಲಿದರೆ?

ಜಾರ್ಜ್ ಹ್ಯಾರಿಸನ್ ಅವರ ‘ಮೈ ಸ್ವೀಟ್ ಲಾರ್ಡ್’ 1963ರ ‘ಹೀಸ್ ಸೋ ಫೈನ್’ ಹಾಡನ್ನು ಹೋಲುತ್ತದೆ ಎಂಬ ಮೊಕದ್ದಮೆಯಲ್ಲಿ, ಅವರು ಅರಿವಿಲ್ಲದೆ ನಕಲು ಮಾಡಿದ್ದಾರೆ ಎಂದು 1976ರಲ್ಲಿ ತೀರ್ಪಾಯಿತು. ಮೂಲ ಹಾಡು ಬರೆದ ರಾನಿ ಮ್ಯಾಕ್ ಅದು ಬಂದ ವರ್ಷವೇ ತೀರಿಕೊಂಡಿದ್ದರು. ಬೀಚ್ ಬಾಯ್ಸ್ ತಂಡದ 1963ರ ‘ಸರ್ಫಿನ್ ಯು.ಎಸ್.ಎ.’ಯಲ್ಲಿ ಅಂಥ ಸಂದೇಹಕ್ಕೆ ಜಾಗವಿಲ್ಲ, ರಾಗ ಚಕ್ ಬೆರಿಯವರ ‘ಸ್ವೀಟ್ ಲಿಟಲ್ ಸಿಕ್ಸ್‌ಟೀನ್’ನದೇ. ಹಕ್ಕು ಆರ್ಕ್ ಮ್ಯೂಸಿಕ್‌ಗೆ ಹೋಯಿತು. ತಟ್ಟೆಯ ಮೇಲೆ ಬೆರಿ ಹೆಸರು ಬರಲು ಇನ್ನೂ ಕೆಲವು ವರ್ಷ ಬೇಕಾಯಿತು.

ಇದೆಲ್ಲ ಬಣ್ಣದ ಪ್ರಶ್ನೆ ಮಾತ್ರವೇ?

ಬಿಳಿಯ ಹುಡುಗರೂ ಕಳೆದುಕೊಂಡರು. ಗಾಯಕ ಬಡ್ಡಿ ಹಾಲಿ ಅವರ ಹಾಡುಗಳಿಗೆ ನಿರ್ಮಾಪಕ ನಾರ್ಮನ್ ಪೆಟ್ಟಿ ತಮ್ಮ ಹೆಸರನ್ನೂ ಸೇರಿಸುತ್ತಿದ್ದರು. 1963ರಲ್ಲಿ ಬೀಟಲ್ಸ್ ತಂಡದ ಜಾನ್ ಲೆನನ್, ಪಾಲ್ ಮೆಕಾರ್ಟ್ನಿ ತಮ್ಮ ಹಾಡುಗಳನ್ನು ನಾರ್ದರ್ನ್ ಸಾಂಗ್ಸ್ ಎಂಬ ಕಂಪನಿಗೆ ಕೊಟ್ಟಾಗ ಅದರ ಅರ್ಧ ಪಾಲು ಪ್ರಕಾಶಕರ ಕಡೆಗಿತ್ತು. 1969ರಲ್ಲಿ ಕಂಪನಿ ಅವರ ಕೈತಪ್ಪಿ ಎಟಿವಿ ಎಂಬ ಬ್ರಿಟಿಷ್ ಟೆಲಿವಿಷನ್ ಕಂಪನಿಗೆ ಹೋಯಿತು, 1985ರಲ್ಲಿ ಎಟಿವಿಯ ಸಂಗ್ರಹವನ್ನು ಮೈಕೆಲ್ ಜಾಕ್ಸನ್ ಕೊಂಡರು.

ಆದರೂ ಬಣ್ಣ ಪೆಟ್ಟನ್ನು ಇಮ್ಮಡಿ ಮಾಡಿತು. ಬರೆದವರ ಪರ ಹಣ ವಸೂಲಿ ಮಾಡುವ ಆಸ್ಕ್ಯಾಪ್ 1914ರಲ್ಲೇ ಹುಟ್ಟಿದ್ದರೂ ಬ್ಲೂಸ್, ಹಳ್ಳಿ ಸಂಗೀತದವರಿಗೆ ಅದರ ಬಾಗಿಲು ಬಹುಮಟ್ಟಿಗೆ ಮುಚ್ಚಿತ್ತು. ಅಂಥದೇ ಇನ್ನೊಂದು ಸಂಸ್ಥೆ ಬಿಎಂಐ 1939ರಲ್ಲಿ ಬಂದ ಮೇಲಷ್ಟೇ ಅವರಿಗೊಂದು ದಾರಿಯಾಯಿತು. ಕಪ್ಪು ಜನರನ್ನು ಬೇರ್ಪಡಿಸಿಟ್ಟಿದ್ದ ನಾಡಿನಲ್ಲಿ ಕಪ್ಪು ಹುಡುಗನೊಬ್ಬ ಬಿಳಿಯ ಮಾಲೀಕನ ಲೆಕ್ಕಪುಸ್ತಕ ತೋರಿಸು ಎಂದು ಕೇಳುವುದು ಎಷ್ಟು ಅಪಾಯದ ಮಾತೆಂದು ನೆನೆದರೆ, ಹಲವರು ಏಕೆ ಸುಮ್ಮನಿದ್ದರೆಂದು ತಿಳಿಯುತ್ತದೆ.

ಮಾರಿದ ಹಾಡನ್ನು ಮರಳಿ ಪಡೆಯಲು ದಾರಿ ಇದೆಯೇ?

ಅಮೆರಿಕದಲ್ಲಿ ಇದೆ. ಹಳೆಯ ಕಾಯಿದೆಯಲ್ಲಿ ಹಕ್ಕಿನ ಅವಧಿ 28 ವರ್ಷ, ಆಮೇಲೆ ನವೀಕರಣ. ಅಷ್ಟರಲ್ಲಿ ಕರ್ತೃ ತೀರಿಕೊಂಡಿದ್ದರೆ ನವೀಕರಣದ ಹಕ್ಕು ಮನೆಯವರದು. 1956ರ ಹಾಡಿಗೆ ಆ ಘಳಿಗೆ 1984ರಲ್ಲಿ ಬಂತು. ಲೈಮನ್ ಪತ್ನಿ ಯಾರು ಎಂಬ ಜಗಳಕ್ಕೆ ಅಷ್ಟು ತೂಕ ಬಂದದ್ದು ಇದರಿಂದ. 1976ರ ಕಾಯಿದೆ, 1978ರ ನಂತರ ಬರೆದುಕೊಟ್ಟ ಹಕ್ಕನ್ನು 35 ವರ್ಷದ ಮೇಲೆ, ಅದಕ್ಕಿಂತ ಹಳೆಯ ಕೃತಿಗಳ ಹಕ್ಕನ್ನು 56 ವರ್ಷದ ಮೇಲೆ ವಾಪಸು ಪಡೆಯಲು ಅವಕಾಶ ಕೊಟ್ಟಿತು. ಕೇಳಿದರೆ ಮಾತ್ರ ಸಿಗುತ್ತದೆ, ಮುಂಚಿತವಾಗಿ ನೋಟಿಸ್ ಕೊಡಬೇಕು. ದಾವೆಯ ಗಡುವಿನಷ್ಟೇ ಈ ಗಡುವೂ ಕಠಿಣ.

ಕನ್ನಡ ಚಿತ್ರಗೀತೆ ಬರೆದವರ ಸ್ಥಿತಿ ಏನು?

ಭಾರತದ ಕಾನೂನು ಎಲ್ಲ ಭಾಷೆಗಳಿಗೂ ಒಂದೇ. 1977ರಲ್ಲಿ ಸುಪ್ರೀಂ ಕೋರ್ಟ್, ನಿರ್ಮಾಪಕರು ಹಣ ಕೊಟ್ಟು ಬರೆಸಿದ ಚಿತ್ರಗೀತೆಯ ಹಕ್ಕಿಗೆ, ಬೇರೆ ಒಪ್ಪಂದ ಇಲ್ಲದಿದ್ದರೆ, ನಿರ್ಮಾಪಕರೇ ಮೊದಲ ಒಡೆಯರು ಎಂಬ ನಿಲುವು ತಳೆಯಿತು. ಅದರ ನೆರಳಿನಲ್ಲಿ ಗೀತರಚನೆಕಾರರೂ ಸಂಗೀತ ನಿರ್ದೇಶಕರೂ ಒಂದೇ ಬಾರಿಯ ಸಂಭಾವನೆಗೆ ತೃಪ್ತರಾಗಬೇಕಾಯಿತು. 2012ರ ತಿದ್ದುಪಡಿ ಇದನ್ನು ಬದಲಿಸಿತು. ಚಿತ್ರಮಂದಿರದ ಪ್ರದರ್ಶನ ಬಿಟ್ಟು ಉಳಿದ ಬಳಕೆಗಳ ರಾಯಧನದಲ್ಲಿ ಅವರಿಗೆ ಸಮಪಾಲು ಇದೆ. ಆ ಪಾಲನ್ನು ವಾರಸುದಾರರಿಗೆ ಅಥವಾ ವಸೂಲಿ ಸಂಘಕ್ಕೆ ಬಿಟ್ಟು ಬೇರೆಯವರಿಗೆ ಬರೆದುಕೊಡುವಂತಿಲ್ಲ, ಬರೆದುಕೊಟ್ಟರೂ ಅದು ಊರ್ಜಿತವಲ್ಲ. ಲಿಟಲ್ ರಿಚರ್ಡ್‌ಗೆ 50 ಡಾಲರ್ ಕೊಟ್ಟು ಬರೆಸಿಕೊಂಡಂಥ ಕಾಗದಕ್ಕೆ ಇದು ನೇರ ಉತ್ತರ. ಮರುಹಾಡುವಿಕೆಗೂ ನಮ್ಮಲ್ಲಿ ಬಿಗಿಯಾದ ನಿಯಮವಿದೆ: ಮೊದಲ ಮುದ್ರಣದ ವರ್ಷ ಮುಗಿದು ಐದು ವರ್ಷ ಕಳೆಯದೆ ಶಾಸನಬದ್ಧ ಪರವಾನಗಿ ಸಿಗದು.

ನಾವು ನಾಲ್ವರು ಗೆಳೆಯರು ಸೇರಿ ಹಾಡು ಮಾಡುತ್ತೇವೆ. ಏನು ಎಚ್ಚರ ವಹಿಸಬೇಕು?

ಹಾಡು ಸಿದ್ಧವಾದ ದಿನವೇ, ಎಲ್ಲರೂ ಸ್ನೇಹದಿಂದಿರುವಾಗ, ಒಂದು ಹಾಳೆಯಲ್ಲಿ ಬರೆಯಿರಿ: ಸಾಹಿತ್ಯ ಯಾರದು, ರಾಗ ಯಾರದು, ಯಾರಿಗೆ ಶೇಕಡಾ ಎಷ್ಟು. ಒಟ್ಟು ನೂರಾಗಬೇಕು. ದಿನಾಂಕ ಹಾಕಿ ಎಲ್ಲರೂ ಸಹಿ ಮಾಡಿ, ತಲಾ ಒಂದು ಪ್ರತಿ ಇಟ್ಟುಕೊಳ್ಳಿ. ಮೊದಲ ಕರಡು ಮುದ್ರಣಗಳನ್ನು, ತಿದ್ದಿದ ಸಾಲುಗಳನ್ನು ಅಳಿಸಬೇಡಿ. ವಸೂಲಿ ಸಂಘದ ಸದಸ್ಯತ್ವ ಪಡೆದು ಅದೇ ಪ್ರಮಾಣದಲ್ಲಿ ಹಾಡನ್ನು ನೋಂದಾಯಿಸಿ. ಕಂಪನಿಯ ಒಪ್ಪಂದ ಬಂದರೆ ಧ್ವನಿಮುದ್ರಣದ ಹಕ್ಕು ಎಲ್ಲಿ ಮುಗಿಯುತ್ತದೆ, ಹಾಡಿನ ಹಕ್ಕು ಎಲ್ಲಿ ಆರಂಭವಾಗುತ್ತದೆ ಎಂದು ವಕೀಲರ ಹತ್ತಿರ ಓದಿಸಿ. ತಾನು ಬರೆಯದಿದ್ದರೂ ಹೆಸರು ಬೇಕು ಎಂದು ಯಾರಾದರೂ ಕೇಳಿದರೆ, ಅವರು ಮಾಡಿಕೊಡುವ ಕೆಲಸಕ್ಕೆ ಬೇರೆ ಸಂಭಾವನೆ ಗೊತ್ತುಮಾಡಿ, ಕರ್ತೃಗಳ ಸಾಲಿನಲ್ಲಿ ಹೆಸರು ಹಾಕಬೇಡಿ.